ಅಡಿಕೆ ಕೊನೆ ಕೊಯ್ಲಿನ ಹೊತ್ತಿಗೇ ಪರೀಕ್ಷೆ

1840ರಲ್ಲಿ ಇಂಗ್ಲೆಂಡಿನಲ್ಲಿ ಒಂದು ಪೆನ್ನಿ ನಾಣ್ಯದ ದರದಲ್ಲಿ ದೇಶದ ಯಾವ ಮೂಲೆಗಾದರೂ ಕಾಗದ ಕಳಿಸುವ ಅಂಚೆ ವ್ಯವಸ್ಥೆ ಬಂದದ್ದೇ ತಡ, ಐಸಾಕ್ ಪಿಟ್‌ಮನ್ ಶೀಘ್ರಲಿಪಿಯ ಪಾಠಗಳನ್ನು ಅದರಲ್ಲೇ ಕಳಿಸತೊಡಗಿದ. ವಿದ್ಯಾರ್ಥಿ ಬರೆದದ್ದನ್ನು ತಿದ್ದಿ ಮರಳಿಸುತ್ತಿದ್ದ. ಆ ತಿದ್ದುಪಡಿಯೇ ಇಂದಿನ ದೂರಶಿಕ್ಷಣದಲ್ಲಿ ಮನೆಯಲ್ಲಿ ಬರೆದು ಕೊಡುವ ಅಸೈನ್‌ಮೆಂಟ್‌ನ ಮೂಲ.

ನಮ್ಮಲ್ಲಿ ಇಂಥ ಅಂಚೆ ಶಿಕ್ಷಣವನ್ನು ದೆಹಲಿ ವಿಶ್ವವಿದ್ಯಾಲಯ 1962ರಲ್ಲಿ ಶುರುಮಾಡಿತು, ಮೈಸೂರು 1969ರಲ್ಲಿ. ಮೈಸೂರಿನವರು ಇಟ್ಟ ಹೆಸರು 'ಅಂಚೆ ಮತ್ತು ತೆರಪಿನ ಶಿಕ್ಷಣ'. ಅದೇ ಸಂಸ್ಥೆ 1996ರಲ್ಲಿ ಕರ್ನಾಟಕ ರಾಜ್ಯ ಮುಕ್ತ ವಿಶ್ವವಿದ್ಯಾಲಯವಾಯಿತು. ಇಗ್ನೋ (ಇಂದಿರಾ ಗಾಂಧಿ ರಾಷ್ಟ್ರೀಯ ಮುಕ್ತ ವಿಶ್ವವಿದ್ಯಾಲಯ) ಅದಕ್ಕೂ ಮೊದಲು, 1985ರಲ್ಲಿ ಹುಟ್ಟಿತ್ತು.

ತೆರಪು, ಅಂದರೆ ಬಿಡುವು, ಚೆಂದದ ಮಾತು. ಆದರೆ ದುಡಿಯುವವರಿಗೆ ತೆರಪು ಸಿಗುವುದು ಯಾವಾಗ? ಇಗ್ನೋ ಪರೀಕ್ಷೆಗಳು ಜೂನ್ ಮತ್ತು ಡಿಸೆಂಬರಿನಲ್ಲಿ. ಡಿಸೆಂಬರ್ ಎಂದರೆ ಶಿರಸಿ, ಸಿದ್ದಾಪುರದ ಕಡೆ ಕೊನೆ ಕೊಯ್ಲು, ಅಂದರೆ ಅಡಿಕೆ ಗೊನೆ ಇಳಿಸುವ ಕಾಲ. ಗೊನೆ ಕೊಯ್ಯುವ ಕೊನೆಗೌಡ ಮರವೇರಿದ ದಿನ ಮನೆಯಲ್ಲಿ ರಾತ್ರಿವರೆಗೂ ಅಡಿಕೆ ಸುಲಿಯುವುದು, ಬೇಯಿಸುವುದು ಇದ್ದೇ ಇದೆ. ಕಾರವಾರ, ಅಂಕೋಲೆಯ ಮೀನುಗಾರರಿಗೆ ಲೆಕ್ಕ ಬೇರೆ. ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ದೋಣಿಗಳು ದಡದಲ್ಲಿರುವುದರಿಂದ ಓದಲು ಬಿಡುವೇನೋ ಇದೆ. ಆದರೆ ಅದು ಕರೆಂಟು, ನೆಟ್‌ವರ್ಕ್ ಎರಡೂ ಕೈಕೊಡುವ ಮಳೆಗಾಲ.

ಹಾಗಾಗಿ ಲೆಕ್ಕ ಹಾಕಿಯೇ ಇಳಿಯಬೇಕು. ಇಗ್ನೋದಲ್ಲಿ ಒಂದು ಕ್ರೆಡಿಟ್ಟಿಗೆ 30 ಗಂಟೆ ಓದು. ಆರು ಕ್ರೆಡಿಟ್ಟಿನ ಒಂದು ವಿಷಯಕ್ಕೆ 180 ಗಂಟೆ, ಅಂದರೆ ಆರು ತಿಂಗಳು ದಿನಕ್ಕೊಂದು ಗಂಟೆ. ನಾಲ್ಕು ವಿಷಯ ಒಟ್ಟಿಗೆ ಹಿಡಿದರೆ ದಿನಕ್ಕೆ ನಾಲ್ಕು ಗಂಟೆ; ತೋಟ, ದೋಣಿ ಇರುವವರಿಗೆ ಅದು ಆಗದ ಹೋಗದ ಮಾತು. ಮೂರು ವರ್ಷದ ಬಿ.ಎ. ಮುಗಿಸಲು ಆರು ವರ್ಷ ಅವಕಾಶ ಇಟ್ಟಿರುವುದು ಇದಕ್ಕೇ. ಕೊಯ್ಲಿನ ಸರದಿಯಲ್ಲಿ ಒಂದೆರಡೇ ವಿಷಯ ಬರೆದು, ಉಳಿದದ್ದನ್ನು ಜೂನ್‌ಗೆ ಇಟ್ಟುಕೊಳ್ಳುವುದು ಜಾಣತನ.

ಶುಲ್ಕ ಕಟ್ಟುವ ಮುನ್ನ ಆ ವರ್ಷಕ್ಕೆ, ಆ ಕೋರ್ಸಿಗೆ ಯುಜಿಸಿ (ವಿಶ್ವವಿದ್ಯಾಲಯ ಧನಸಹಾಯ ಆಯೋಗ) ಮಾನ್ಯತೆ ಇದೆಯೇ ನೋಡಿ. 2015ರಲ್ಲಿ ಕರ್ನಾಟಕ ಮುಕ್ತ ವಿವಿಯ ಮಾನ್ಯತೆಯನ್ನೇ ಯುಜಿಸಿ ಹಿಂಪಡೆದಿತ್ತು. ಅದು ಮರಳಿದ್ದು 2018ರಲ್ಲಿ.

ಹೆಚ್ಚಿನವರು ಎಡವುವುದು ಮಾತ್ರ ಅಸೈನ್‌ಮೆಂಟಿನಲ್ಲಿ. ಇಗ್ನೋದ ಬಹುತೇಕ ಕೋರ್ಸುಗಳಲ್ಲಿ ಅದಕ್ಕೆ ಶೇ. 30 ಅಂಕ, ಪರೀಕ್ಷೆಗೆ ಶೇ. 70. ಎರಡರಲ್ಲೂ ಬೇರೆಬೇರೆಯಾಗಿ ಪಾಸಾಗಬೇಕು. ಹಳೇ ವರ್ಷದ ಪ್ರಶ್ನೆಗಳಿಗೆ ಇಪ್ಪತ್ತು ಪುಟ ಮುದ್ದಾಗಿ ಬರೆದು ಕೊಟ್ಟರೂ ಲೆಕ್ಕಕ್ಕಿಲ್ಲ. ಮೊದಲ ಪುಟದಲ್ಲಿ ನೋಂದಣಿ ಸಂಖ್ಯೆ, ಕೋರ್ಸ್ ಕೋಡ್, ಅಧ್ಯಯನ ಕೇಂದ್ರದ ಕೋಡ್ ಬರೆದು, ಒಂದು ಝೆರಾಕ್ಸ್ ಮನೆಯಲ್ಲಿಟ್ಟು, ಕೊಟ್ಟದ್ದಕ್ಕೆ ರಸೀದಿ ಪಡೆಯಿರಿ. ಅಸೈನ್‌ಮೆಂಟಿನ ಅಂಕ ದಾಖಲಾಗದೆ ಫಲಿತಾಂಶ ನಿಂತಾಗ ತೋರಿಸಲು ಇರುವುದು ಆ ರಸೀದಿಯೊಂದೇ.