ಹಸಿ ನೆಲದ ಮೇಲೆ ಹಸಿರು ಹಾಸು

ಮರದ ನೆಲ ಹಾಕಿಸಲು ಹೊರಟವರು ಹಲಗೆಯ ಬಣ್ಣಕ್ಕಾಗಿ ನಾಲ್ಕು ಅಂಗಡಿ ಸುತ್ತುತ್ತಾರೆ. ಅದರ ಅಡಿಯಲ್ಲಿ ಹಾಸುವ ಅಂಡರ್‌ಲೇ ಯಾವುದು ಎಂದು ಕೇಳುವವರು ಕಡಿಮೆ. ಈಚೆಗೆ ಠಾಣೆ, ಮುಲುಂಡ್, ಡೊಂಬಿವಲಿ ಕಡೆಯ ನಮ್ಮ ಕನ್ನಡಿಗರ ಮನೆಗಳಲ್ಲಿ ಆ ಪ್ರಶ್ನೆಯೂ ಬರತೊಡಗಿದೆ: ‘ಪ್ಲಾಸ್ಟಿಕ್ ಫೋಮ್ ಬೇಡ, ಪರಿಸರಸ್ನೇಹಿಯಾದದ್ದು ಏನಿದೆ?’ ಉತ್ತರ ಹೇಳುವ ಮೊದಲು ನಾನು ತಿರುಗಿ ಎರಡು ಪ್ರಶ್ನೆ ಕೇಳುತ್ತೇನೆ. ಮನೆ ಎಷ್ಟನೆಯ ಮಹಡಿಯಲ್ಲಿದೆ? ಆ ಕೋಣೆಯ ಗೋಡೆಯಾಚೆ ಬಚ್ಚಲುಮನೆ ಇದೆಯೇ?

ಮುಂಬೈಯಲ್ಲಿ ಈ ಹಾಸು ಹಾಳಾಗುವುದು ತುಳಿತದಿಂದಲ್ಲ, ನೀರಿನಿಂದ. ಇಲ್ಲಿ ಮಳೆಗಾಲದಲ್ಲಿ ಎರಡು ಸಾವಿರ ಮಿಲಿಮೀಟರಿಗಿಂತ ಹೆಚ್ಚು ಮಳೆ ಸುರಿಯುತ್ತದೆ. ಜುಲೈ, ಆಗಸ್ಟ್‌ನಲ್ಲಿ ಗಾಳಿಯ ತೇವ ಶೇಕಡಾ 80ರ ಮೇಲೆಯೇ ಇರುತ್ತದೆ. ಅದಕ್ಕಿಂತ ದೊಡ್ಡ ಶತ್ರು ಬಚ್ಚಲಿನ ತಗ್ಗು ಸ್ಲ್ಯಾಬ್, ಎಂದರೆ ಕೊಳವೆಗಳು ಹಾಯಲೆಂದು ತಗ್ಗಿಸಿ ಹಾಕಿದ ಕಾಂಕ್ರೀಟು ನೆಲ. ಅದರೊಳಗೆ ತುಂಬಿದ ಇಟ್ಟಿಗೆ ಚೂರಿನ ಕೋಬಾ ವರ್ಷಗಟ್ಟಲೆ ನೀರು ಕುಡಿದು, ಪಕ್ಕದ ಮಲಗುವ ಕೋಣೆಯ ನೆಲಕ್ಕೆ ಸದ್ದಿಲ್ಲದೆ ದಾಟಿಸುತ್ತದೆ. ಅಂಥ ಕೋಣೆಯಲ್ಲಿ ಹಲಗೆ ಎತ್ತಿಸಿದಾಗ ಕಂಡದ್ದನ್ನು ಹೇಳುತ್ತೇನೆ. ಮೇಲಿನಿಂದ ನೋಡಿದರೆ ಎರಡು ಜೋಡಣೆಗಳು ಕೊಂಚ ಉಬ್ಬಿದ್ದವು, ಅಷ್ಟೇ. ಅಡಿಯ ಸೆಣಬಿನ ಹಾಸು ಮಾತ್ರ ಗೋಡೆಯಿಂದ ಒಂದೂವರೆ ಅಡಿಯವರೆಗೆ ಕಪ್ಪಾಗಿತ್ತು. ಬೆರಳಿನಿಂದ ಎಳೆದರೆ ನಾರಾಗಿ ಬರಲಿಲ್ಲ, ಹಿಟ್ಟಾಗಿ ಬಂತು. ಅಂಗಡಿಯವನು ಅದನ್ನು ‘ನೂರಕ್ಕೆ ನೂರು ನೈಸರ್ಗಿಕ’ ಎಂದು ಮಾರಿದ್ದ, ಅದು ಸುಳ್ಳೂ ಆಗಿರಲಿಲ್ಲ. ಆದರೆ ಅದರ ಜೊತೆಗೆ ಮೇಲಿನ ಹಲಗೆಗಳೂ ಕಸದ ಗಾಡಿ ಹತ್ತಿದವು.

ಆದ್ದರಿಂದ ನನ್ನ ಲೆಕ್ಕ ಸರಳ: ಬೇಗನೆ ಕಿತ್ತೆಸೆಯಬೇಕಾಗಿ ಬರುವ ಹಾಸು ಯಾವುದರಿಂದ ಮಾಡಿದ್ದಾದರೂ ಪರಿಸರಸ್ನೇಹಿಯಲ್ಲ.

ಮೊದಲು ನೆಲವನ್ನು ಪರೀಕ್ಷಿಸಿ, ಇದಕ್ಕೆ ಯಂತ್ರವೇನೂ ಬೇಕಿಲ್ಲ. ಒಂದೂವರೆ ಅಡಿ ಚೌಕದ ದಪ್ಪ ಪಾರದರ್ಶಕ ಪಾಲಿಥೀನ್ ಹಾಳೆಯನ್ನು ನೆಲಕ್ಕೆ ಹರಡಿ, ನಾಲ್ಕೂ ಅಂಚಿಗೆ ಗಾಳಿಯಾಡದಂತೆ ಟೇಪ್ ಅಂಟಿಸಿ. ಕನಿಷ್ಠ 16 ಗಂಟೆ ಬಿಡಿ. ನಾನು ಒಂದು ಇಡೀ ದಿನ ಬಿಡಿಸುತ್ತೇನೆ. ಹಾಳೆಯ ಒಳಮೈಯಲ್ಲಿ ಹನಿ ಕೂತಿದ್ದರೆ, ಅಥವಾ ಅಡಿಯ ಸಿಮೆಂಟು ಸುತ್ತಲಿನದಕ್ಕಿಂತ ಕಪ್ಪಾಗಿದ್ದರೆ ನೆಲ ಹಸಿಯಾಗಿದೆ ಎಂದರ್ಥ. ಇದನ್ನು ಕೋಣೆಯ ನಡುವೆ ಮಾಡಿ ಸಮಾಧಾನಪಟ್ಟುಕೊಳ್ಳಬೇಡಿ. ಬಚ್ಚಲಿನ ಗೋಡೆಗೆ ತಾಗಿ ಒಂದು, ಹೊರಗೋಡೆಯ ಬುಡದಲ್ಲಿ ಒಂದು ಮಾಡಿ. ಹಳೆಯ ಟೈಲಿನ ಮೇಲೆಯೇ ಹಲಗೆ ಬರುವುದಾದರೆ ಟೈಲುಗಳ ಸಂದು ಹಾಳೆಯೊಳಗೆ ಬರುವಂತೆ ಅಂಟಿಸಿ, ಏಕೆಂದರೆ ತೇವ ಏರುವುದು ಸಂದಿನಿಂದ. ಹೊಸ ಸಿಮೆಂಟಿನ ನೆಲವಾದರೆ ಒಂದಂಗುಲ ದಪ್ಪಕ್ಕೆ ಒಂದು ತಿಂಗಳು ಒಣಗಲು ಬಿಡಬೇಕೆಂಬುದು ರೂಢಿಯ ಅಂದಾಜು. ಮಳೆಗಾಲದಲ್ಲಿ ಆ ಲೆಕ್ಕ ನಡೆಯುವುದಿಲ್ಲ. ಗಣಪತಿ ಬರುವುದರೊಳಗೆ ಮುಗಿಸಿಕೊಡಿ ಎಂಬ ಒತ್ತಾಯ ಪ್ರತಿ ವರ್ಷವೂ ಬರುತ್ತದೆ, ಅದೂ ವರ್ಷದಲ್ಲೇ ನೆಲ ಅತಿ ಹೆಚ್ಚು ಹಸಿಯಾಗಿರುವ ತಿಂಗಳಲ್ಲಿ. ದೀಪಾವಳಿ ಕಳೆಯಲಿ ಎನ್ನುತ್ತೇನೆ. ಕೆಲವರು ಬೇರೆಯವರನ್ನು ಹುಡುಕಿಕೊಳ್ಳುತ್ತಾರೆ.

ನೆಲ ಒಣಗಿದೆ ಎಂದುಕೊಳ್ಳೋಣ. ಮಿಸ್ತ್ರಿಗಳು ಸಾಮಾನ್ಯವಾಗಿ ತರುವ ಬಿಳಿ ಫೋಮ್ ಪಾಲಿಥೀನಿನದು. ಅಗ್ಗ, ಹಗುರ, ನೀರು ಹೀರುವುದಿಲ್ಲ. ಆದರೆ ಮಂಚ, ಕಪಾಟಿನ ಭಾರಕ್ಕೆ ಚಪ್ಪಟೆಯಾದದ್ದು ಮತ್ತೆ ಏಳುವುದಿಲ್ಲ. ಕಿತ್ತ ಮೇಲೆ ಹೋಗುವುದು ಕಾಂಜೂರ್‌ಮಾರ್ಗ್‌ನ ಕಸದ ಗುಡ್ಡೆಗೆ. ಇದಕ್ಕೆ ಬದಲಾಗಿ ಮುಂಬೈಯ ಮೇಲಿನ ಮಹಡಿಗಳಿಗೆ ನಾನು ಸೂಚಿಸುವುದು ಕಾರ್ಕ್, ಎರಡರಿಂದ ಮೂರು ಮಿಲಿಮೀಟರ್ ದಪ್ಪದ್ದು. ಕಾರ್ಕ್ ಓಕ್ ಮರದ ತೊಗಟೆ ಅದು. ಮರ ಕಡಿಯದೆ ಸುಲಿಯುತ್ತಾರೆ, ಒಂಬತ್ತು ವರ್ಷಕ್ಕೊಮ್ಮೆ ತೊಗಟೆ ಮತ್ತೆ ಬೆಳೆದಿರುತ್ತದೆ. ಜಗತ್ತಿನ ಕಾರ್ಕಿನಲ್ಲಿ ಸುಮಾರು ಅರ್ಧ ಪೋರ್ಚುಗಲ್‌ನದು. ಅಷ್ಟು ದೂರದಿಂದ ಹಡಗಿನಲ್ಲಿ ಬಂದದ್ದು ಹೇಗೆ ಹಸಿರು ಎಂದು ಕೇಳಿದರೆ, ಪ್ರಶ್ನೆ ನ್ಯಾಯವಾದದ್ದೇ. ಭಾರಕ್ಕೆ ಕುಗ್ಗಿ ಮತ್ತೆ ಏಳುವ ಗುಣ ಅದಕ್ಕಿರುವುದರಿಂದ, ಮೇಲಿನ ಹಲಗೆ ಬದಲಾದರೂ ಹಾಸನ್ನು ಉಳಿಸಿಕೊಳ್ಳಬಹುದು ಎಂಬುದು ನನ್ನ ಸಮರ್ಥನೆ.

ಕಾರ್ಕಿನ ಚೂರುಗಳನ್ನು ಅಂಟಿನಿಂದ ಹಿಡಿದಿಟ್ಟಿರುತ್ತಾರೆ ಎಂಬುದನ್ನು ಮಾತ್ರ ಮರೆಯಬೇಡಿ. ಅಂಗೈಯಗಲದ ಮಾದರಿಯನ್ನು ಸ್ಟೀಲ್ ಡಬ್ಬದಲ್ಲಿ ಹಾಕಿ, ಮುಚ್ಚಿ, ಒಂದು ದಿನ ಬಿಸಿಲಿನಲ್ಲಿಟ್ಟು ಮುಚ್ಚಳ ತೆರೆದು ಮೂಸಿ. ಮರದ ವಾಸನೆ ಬಂದರೆ ಸರಿ. ಬಣ್ಣದ ಅಂಗಡಿಯ ವಾಸನೆ ಬಂದರೆ ಅಂಗಡಿಗೇ ವಾಪಸು. ಹಳೆಯ ಟಯರಿನಿಂದ ಮಾಡಿದ ರಬ್ಬರ್ ಹಾಸು ಈ ಪರೀಕ್ಷೆಯಲ್ಲಿ ಬಹುಮಟ್ಟಿಗೆ ಸೋಲುತ್ತದೆ. ಸದ್ದು ತಡೆಯುವುದರಲ್ಲಿ ಅದು ಗಟ್ಟಿ, ಆದರೆ ಏಸಿ ಹಾಕಿ ಮುಚ್ಚಿಡುವ ಮಲಗುವ ಕೋಣೆಗೆ ನಾನು ಹಾಕುವುದಿಲ್ಲ. ವಿನೈಲ್ ಎಂಬ ಪ್ಲಾಸ್ಟಿಕ್ ಹಲಗೆಯ ಅಡಿಯಲ್ಲಂತೂ ಬೇಡವೇ ಬೇಡ, ರಬ್ಬರಿನ ರಾಸಾಯನಿಕ ಮೇಲೇರಿ ಹಳದಿ ಕಲೆ ಮಾಡುತ್ತದೆ.

ತೆಂಗಿನ ನಾರು? ತಿಪಟೂರು, ಅರಸೀಕೆರೆ ಕಡೆಯವರು ಇದನ್ನು ಅಭಿಮಾನದಿಂದಲೇ ಕೇಳುತ್ತಾರೆ. ನಾರು ಬೇಗ ಕೊಳೆಯುವುದಿಲ್ಲ ನಿಜ, ಆದರೆ ಹಾಸಿನ ದಪ್ಪ ಒಂದೇ ಸಮ ಇರುವುದಿಲ್ಲ, ಪುಟಿಯುವುದೂ ಹೆಚ್ಚು. ಹಲಗೆಗಳು ಒಂದಕ್ಕೊಂದು ಸಿಕ್ಕಿಕೊಳ್ಳುವ ಕ್ಲಿಕ್ ಜೋಡಣೆ ಪ್ರತಿ ಹೆಜ್ಜೆಗೂ ಬಾಗಿ ಕಡೆಗೆ ಮುರಿಯುತ್ತದೆ. ದಪ್ಪ ಹಾಸಿದಷ್ಟೂ ಒಳ್ಳೆಯದು ಎಂಬ ನಂಬಿಕೆ ಇಲ್ಲಿಯೇ ಕೈಕೊಡುವುದು. ಮಾದರಿಯನ್ನು ಹೆಬ್ಬೆರಳು, ತೋರುಬೆರಳ ನಡುವೆ ಹಿಡಿದು ಬಲವಾಗಿ ಒತ್ತಿ. ಬೆರಳುಗಳು ಹೆಚ್ಚುಕಡಿಮೆ ಒಂದಕ್ಕೊಂದು ಮುಟ್ಟಿದರೆ ಅದನ್ನು ಬಿಡಿ. ಐರೋಪ್ಯ ಮಾನಕ ಇಎನ್ 16354ರ ಪ್ರಕಾರ ಲ್ಯಾಮಿನೇಟ್ (ಮರದ ಚಿತ್ರದ ಹಾಳೆ ಅಂಟಿಸಿದ ಒತ್ತುಹಲಗೆ) ಅಡಿಯ ಅಂಡರ್‌ಲೇಗೆ ಒತ್ತಡ ತಾಳುವ ಶಕ್ತಿ ಕನಿಷ್ಠ 10 ಕಿಲೋಪಾಸ್ಕಲ್ ಇರಬೇಕು, ಹೆಚ್ಚು ಬಳಕೆಯ ಕಡೆ 60. ಈ ಅಂಕಿಯನ್ನು ಅಂಗಡಿಯಲ್ಲಿ ಕೇಳಿ ನೋಡಿ. ಪೊಟ್ಟಣದ ಮೇಲೆ ಹಸಿರೆಲೆಯ ಚಿತ್ರ ಮಾತ್ರ ಇದ್ದು ಈ ಅಂಕಿ ಇಲ್ಲದಿದ್ದರೆ ನನಗೆ ಅನುಮಾನ.

ಯಾವ ನೈಸರ್ಗಿಕ ಹಾಸನ್ನು ತಂದರೂ ಸಿಮೆಂಟಿಗೂ ಅದಕ್ಕೂ ನಡುವೆ ಸುಮಾರು 150 ಮೈಕ್ರಾನ್ ದಪ್ಪದ ಪಾಲಿಥೀನ್ ಹಾಳೆ ಬೇಕೇ ಬೇಕು. ಹಾಳೆಗಳು ಒಂದರ ಮೇಲೊಂದು 20 ಸೆಂಟಿಮೀಟರ್ ಬರಲಿ, ಸಂದಿಗೆ ಟೇಪ್ ಬೀಳಲಿ, ಅಂಚು ಗೋಡೆಯ ಮೇಲೆ ಎರಡು ಬೆರಳಷ್ಟು ಏರಲಿ. ಪ್ಲಾಸ್ಟಿಕ್ ಬೇಡವೆಂದವರು ಇಲ್ಲಿ ಮುಖ ಸಿಂಡರಿಸುತ್ತಾರೆ. ಈ ತೆಳು ಹಾಳೆ ಮೇಲಿನ ಕಾರ್ಕನ್ನೂ ಹಲಗೆಯನ್ನೂ ಕಾಯುತ್ತದೆ. ಇದರಲ್ಲಿ ರಾಜಿ ಮಾಡಿಕೊಳ್ಳಲು ನಾನು ತಯಾರಿಲ್ಲ.

ಸದ್ದಿನ ವಿಷಯಕ್ಕೆ ಒಂದೇ ಮಾತು. ಕೆಳಗಿನ ಮನೆಯವರು ಸೊಸೈಟಿಗೆ ದೂರು ಕೊಟ್ಟಿದ್ದಾರೆಂದು ಪೊಟ್ಟಣದ ಮೇಲಿನ ಡೆಸಿಬಲ್ (ಸದ್ದಿನ ಅಳತೆ) ನೋಡಿ ಹಾಸು ಕೊಳ್ಳುವವರು ಆ ಅಂಕಿ ಎಂಥ ಸ್ಲ್ಯಾಬಿನ ಮೇಲೆ ಅಳೆದದ್ದು ಎಂದು ಓದಬೇಕು. ಎಷ್ಟೋ ಅಂಕಿಗಳು ದಪ್ಪ ಸ್ಲ್ಯಾಬ್, ಅದರಡಿಗೆ ತೂಗುಚಾವಣಿ ಇರುವ ಪ್ರಯೋಗಾಲಯದಲ್ಲಿ ಬಂದವು. ನಮ್ಮ ಹಳೆಯ ಕಟ್ಟಡಗಳ ನಾಲ್ಕೈದು ಅಂಗುಲದ ಸ್ಲ್ಯಾಬಿನಲ್ಲಿ ಅಷ್ಟು ಫಲ ಸಿಗದು.

ಪುಣೆಯಲ್ಲಿ ಮಳೆ ಮುಂಬೈಯ ಮೂರನೇ ಒಂದು ಭಾಗದಷ್ಟೇ. ಅಲ್ಲಿ ಮೇಲಿನ ಮಹಡಿಯ ಒಣ ನೆಲಕ್ಕೆ, ಅದೇ ಪಾಲಿಥೀನ್ ಹಾಳೆಯ ಮೇಲೆ, ಹಳೆಯ ಬಟ್ಟೆಯ ನೂಲಿನಿಂದ ಮಾಡಿದ ಫೆಲ್ಟ್ ಸಾಕು. ಕಾರ್ಕಿನ ಖರ್ಚು ಬೇಡ. ಅಲ್ಲಿನ ಹಳೆಯ ಮನೆಗಳಲ್ಲಿ ಟೈಲಿನ ಅಡಿಯಲ್ಲಿ ಕೆಲವೊಮ್ಮೆ ನಮ್ಮ ಕಲಬುರಗಿ ಜಿಲ್ಲೆಯ ಶಹಾಬಾದ್ ಫರಶಿ ಕಲ್ಲು ಸಿಗುತ್ತದೆ. ಸಿಕ್ಕರೆ ಪಾಲಿಶ್ ಮಾಡಿಸಿ, ಹಾಸೂ ಬೇಡ, ಹಲಗೆಯೂ ಬೇಡ.

ಗೋವಾದ ನೆಲಮಟ್ಟದ ಮನೆಗಳ ಬಗ್ಗೆ ನನ್ನ ಉತ್ತರ ಇನ್ನೂ ಚಿಕ್ಕದು. ಜಂಬಿಟ್ಟಿಗೆಯ ಅಡಿಪಾಯ ನೆಲದ ತೇವವನ್ನು ಮೇಲಕ್ಕೆ ಎಳೆಯುತ್ತದೆ, ಜೊತೆಗೆ ಗೆದ್ದಲು ಬೇರೆ. ಅಲ್ಲಿ ಮರದ ನೆಲದ ಕೆಲಸವನ್ನು ನಾನು ಒಪ್ಪಿಕೊಳ್ಳುವುದಿಲ್ಲ. ಹೆಂಚಿನಂಥ ಟೆರಾಕೋಟಾ ಬಿಲ್ಲೆ ಅಥವಾ ಕಲ್ಲು ಹಾಕಿಸಿ ಎಂದು ಹೇಳಿ, ಆ ಕೆಲಸ ಬಲ್ಲ ಗಾರೆಯವರ ನಂಬರ್ ಕೊಡುತ್ತೇನೆ.