ಯಾವ ರಾಮಪತ್ರೆ, ಎಲ್ಲಿ ನೆಡುತ್ತೀರಿ?

ಮೇ ತಿಂಗಳು ಬಂದರೆ ಸಾಕು, ಫೋನ್ ಶುರು. "ಈ ಮಳೆಗಾಲದಲ್ಲಿ ಕಾಡುಗಿಡ ನೆಡಬೇಕು ಅಂತ ಇದ್ದೇವೆ. ರಾಮಪತ್ರೆ ಸಸಿ ಎಲ್ಲಿ ಸಿಗ್ತದೆ ಸರ್?" ಶಾಲೆ ಮೇಷ್ಟ್ರು ಕೇಳುತ್ತಾರೆ, ಸೊಸೈಟಿ ಕಾರ್ಯದರ್ಶಿ ಕೇಳುತ್ತಾರೆ, ಬೆಂಗಳೂರು ಬಿಟ್ಟು ಊರಿಗೆ ಬಂದ ಹುಡುಗರು ಕೇಳುತ್ತಾರೆ. ಕೇಳಿದಾಗಲೆಲ್ಲ ಖುಷಿಯಾಗುತ್ತದೆ. ಅಕೇಶಿಯಾ ಬೇಡ, ನಮ್ಮ ಕಾಡಿನ ಮರವೇ ಬೇಕು ಅನ್ನುವವರು ಜಾಸ್ತಿ ಆಗುತ್ತಿದ್ದಾರೆ.

ನಾನು ತಿರುಗಿ ಕೇಳುವುದು ಎರಡೇ ಪ್ರಶ್ನೆ. ಯಾವ ರಾಮಪತ್ರೆ? ನೆಡುವ ಜಾಗದಲ್ಲಿ ಏಪ್ರಿಲ್‌ನಲ್ಲೂ ನೀರು ಇರುತ್ತಾ?

ಸಿದ್ದಾಪುರ, ಹೊನ್ನಾವರದ ಘಟ್ಟದ ಅಂಚಿನಲ್ಲಿ ಗಿಡಮರ ಗುರುತಿಸುವುದೇ ನನ್ನ ಕೆಲಸ. ರಾಮಪತ್ರೆ ಅಂದರೆ ಜಾಯಿಕಾಯಿ ಬಳಗದ ಕಾಡುಮರ, ಬೀಜ ಸುತ್ತಿದ ಪೊರೆಯೇ ಪತ್ರೆ. ಇಲ್ಲಿ 'ರಾಮಪತ್ರೆ' ಅನ್ನುವ ಹೆಸರಿನೊಳಗೆ ಕನಿಷ್ಠ ನಾಲ್ಕು ಬೇರೆ ಬೇರೆ ಮರಗಳು ಸೇರಿಕೊಂಡಿವೆ. ಒಂದು ಇಳಿಜಾರಿನಲ್ಲಿ ಬದುಕುತ್ತದೆ, ಇನ್ನೊಂದು ಕೆಸರು ಬಿಟ್ಟರೆ ಬದುಕುವುದಿಲ್ಲ. ಸಸಿ ಯಾವುದೆಂದು ತಿಳಿಯದೆ ನೆಟ್ಟರೆ ಸಸಿಯೂ ಹೋಯಿತು, ಬೀಜವೂ ಹೋಯಿತು.

ಮೊದಲು ಆ ಕೆಸರಿನ ಜಾಗ ಹೇಳುತ್ತೇನೆ. ನಮ್ಮ ಕಡೆ ಅದಕ್ಕೆ ಜಡ್ಡಿ ಅನ್ನುತ್ತಾರೆ. ಎರಡು ಗುಡ್ಡಗಳ ನಡುವೆ ಹಳ್ಳ ನಿಧಾನಕ್ಕೆ ಹರಿಯುವ ಸಪಾಟು ಜಾಗ. ವರ್ಷಪೂರ್ತಿ ಕಾಲಡಿ ಒದ್ದೆ. ಬೇಸಿಗೆಯಲ್ಲಿ ಮೇಲಿನ ಬೆಟ್ಟದಲ್ಲಿ ತರಗೆಲೆ ಚರಚರ ಅನ್ನುತ್ತಿದ್ದರೆ, ಇಲ್ಲಿ ಕಾಲಿಟ್ಟ ಕೂಡಲೇ ಕಣಕಾಲವರೆಗೆ ಕಪ್ಪು ಕೆಸರು. ಆ ಕೆಸರಿನಿಂದ ಮಡಿಸಿದ ಮೊಣಕಾಲಿನ ಹಾಗೆ ಬೇರುಗಳು ಮೇಲೆದ್ದು ಮತ್ತೆ ಒಳಗೆ ಹೋಗಿರುತ್ತವೆ. ಸದಾ ನೀರು ತುಂಬಿದ ಮಣ್ಣಿನಲ್ಲಿ ಗಾಳಿ ಆಡುವುದಿಲ್ಲ. ಬೇರಿಗೂ ಉಸಿರು ಬೇಕಲ್ವಾ? ಅದಕ್ಕೇ ಅವು ಮೇಲೆ ಬಂದು ಉಸಿರಾಡಿ ಹೋಗುತ್ತವೆ. ದಕ್ಷಿಣದಲ್ಲಿ ಕೇರಳದ ಕೊಲ್ಲಂ ಕಡೆ ಇಂಥ ಜಡ್ಡಿಗಳಿವೆ, ಉತ್ತರದಲ್ಲಿ ನಮ್ಮ ಶರಾವತಿ, ಅಘನಾಶಿನಿ ಕಣಿವೆಗಳಲ್ಲಿವೆ. ಹೆಚ್ಚಿನವು ಚಿಕ್ಕವು. ಒಂದೆರಡು ಅಡಿಕೆ ತೋಟದಷ್ಟು ಜಾಗ, ಅಷ್ಟೇ. ಸಪಾಟು ನೆಲ, ಬತ್ತದ ನೀರು. ಇಂಥ ಜಾಗ ಎಷ್ಟೋ ಕಡೆ ತಲೆಮಾರುಗಳ ಹಿಂದೆಯೇ ಗದ್ದೆಯಾಯಿತು, ತೋಟವಾಯಿತು.

ಈಗ ಮರ ಗುರುತಿಸುವ ವಿಷಯ. ಹೂವು, ಕಾಯಿ ಇದ್ದಾಗ ಯಾರು ಬೇಕಾದರೂ ಗುರುತಿಸಬಹುದು. ವರ್ಷದ ಹೆಚ್ಚು ದಿನ ಎರಡೂ ಇರುವುದಿಲ್ಲ, ಇದ್ದರೂ ಎಪ್ಪತ್ತು ಎಂಬತ್ತು ಅಡಿ ಮೇಲಿರುತ್ತವೆ. ಫೋನಿನ ಆ್ಯಪ್‌ಗೆ ಒಂದು ಎಲೆಯ ಫೋಟೋ ತೋರಿಸಿದರೆ ಏನೋ ಒಂದು ಹೆಸರು ಬರುತ್ತದೆ. ಈ ಗುಂಪಿನ ಮರಗಳಲ್ಲಿ ಅದನ್ನು ನಂಬಿ ಸಸಿ ಕಟ್ಟಬೇಡಿ. ಕೈ, ಕಣ್ಣು, ಮೂಗು ಮೂರನ್ನೂ ಬಳಸಿ.

ಕತ್ತಿಯಿಂದ ಕಚ್ಚು ಹಾಕುವುದು ಬೇಡ. ಕೈಗೆ ಸಿಗುವ ಎಳೆ ರೆಂಬೆ ಇದ್ದರೆ ತುದಿಯಲ್ಲಿ ಉಗುರಿನಿಂದ ಸ್ವಲ್ಪ ಗೀರಿ, ಅರೆ ನಿಮಿಷ ಕಾಯಿರಿ. ಕೆಂಪು ರಸ, ರಕ್ತದ ಹಾಗೇ, ಒಸರಿದರೆ ನೀವು ರಾಮಪತ್ರೆ ಮನೆತನದ ಹತ್ತಿರ ಬಂದಿದ್ದೀರಿ. ಹೊನ್ನೆ ಮರಕ್ಕೂ ಕೆಂಪು ರಸ ಇದೆ, ನಿಜ. ಆದರೆ ಹೊನ್ನೆಯಲ್ಲಿ ಒಂದು ಕಡ್ಡಿಗೆ ಐದಾರು ಎಲೆ ಜೋಡಿಸಿದ ಹಾಗಿರುತ್ತದೆ. ರಾಮಪತ್ರೆಯ ಬಳಗದಲ್ಲಿ ಬಿಡಿ ಎಲೆ, ಒಂದಾದ ಮೇಲೆ ಒಂದು. ಹಾಗೇ ತಲೆ ಎತ್ತಿ ನೋಡಿ. ಕೊಂಬೆಗಳು ಕಾಂಡದಿಂದ ನೇರ ಅಡ್ಡಕ್ಕೆ, ಅಂತಸ್ತು ಅಂತಸ್ತಾಗಿ ಚಾಚಿರುತ್ತವೆ. ಹಳದಿ ಹಾಲು ಬಂತು, ಎಲೆ ಎದುರು ಬದುರು ಇವೆ ಅಂದರೆ ಅದು ಉಪ್ಪಾಗೆ, ಮುರುಗಲಿನ ಬಳಗ.

ಕೆಂಪು ರಸದವರೊಳಗೆ ಮುಂದೆ ಹೋಗೋಣ. ಎಲೆ ಮೊಳದ ಹತ್ತಿರ ಉದ್ದ, ದಪ್ಪ, ಕಾಂಡದ ಬುಡದಲ್ಲಿ ಕಟ್ಟಿಗೆ ಊರಿದ ಹಾಗೆ ಆನಿಕೆ ಬೇರುಗಳು ಇದ್ದರೆ ಅದು ಮಿರಿಸ್ಟಿಕಾ ಮ್ಯಾಗ್ನಿಫಿಕಾ. ಇದು ಜಡ್ಡಿಯ ಮರ, ಬೇರೆಲ್ಲೂ ಸಿಗುವುದಿಲ್ಲ. ಎಲೆ ಚಿಕ್ಕದು, ಅಡಿಭಾಗ ಬೂದಿ ಬಳಿದ ಹಾಗೆ ಬಿಳಿಚು, ಸುತ್ತ ಮೊಣಕಾಲು ಬೇರುಗಳ ರಾಶಿ ಇದ್ದರೆ ಜಿಮ್ನಾಕ್ರಾಂಥೆರಾ ಕ್ಯಾನರಿಕಾ. ಕೆನರಾ ಜಿಲ್ಲೆಯ ಹೆಸರೇ ಇದಕ್ಕಿದೆ. ಇದೂ ಜಡ್ಡಿಯದೇ. ಎಲೆಯ ನರಗಳು ಬಾಚಣಿಗೆ ಹಲ್ಲಿನ ಹಾಗೆ ಒತ್ತೊತ್ತಾಗಿ, ನೇರವಾಗಿ ಎದ್ದು ಕಂಡರೆ ಕ್ನೇಮಾ. ಜನ ರಕ್ತಮರ ಅನ್ನುವುದು ಹೆಚ್ಚಾಗಿ ಇದನ್ನೇ. ಇದು ಇಳಿಜಾರಿನಲ್ಲೂ ಬೆಳೆಯುತ್ತದೆ. ಕಾಯಿ ಸಿಕ್ಕರೆ ತುಕ್ಕಿನ ಬಣ್ಣದ ರೋಮ ಇರುತ್ತದೆ, ಒಳಗಿನ ಕೆಂಪು ಪತ್ರೆ ತುದಿಯಲ್ಲಿ ಮಾತ್ರ ಸೀಳಿರುತ್ತದೆ.

ಇನ್ನು ಸಂತೆಯಲ್ಲಿ ಪತ್ರೆ ಮಾರಾಟವಾಗುವ ನಿಜವಾದ ರಾಮಪತ್ರೆ, ಮಿರಿಸ್ಟಿಕಾ ಮಲಬಾರಿಕಾ. ಉದ್ದನೆ ಕಾಯಿ, ಬೀಜದ ಮೇಲಿನ ಪತ್ರೆ ಬುಡದವರೆಗೆ ಎಳೆ ಎಳೆಯಾಗಿ ಸೀಳಿರುತ್ತದೆ. ಜಡ್ಡಿಯ ಅಂಚಿನಲ್ಲೂ ಇದೆ, ಕಾನಿನ, ಅಂದರೆ ಹಳೆಯ ದಟ್ಟ ಕಾಡಿನ, ತಂಪು ಇಳಿಜಾರಿನಲ್ಲೂ ಇದೆ. ಮನೆ ಹತ್ತಿರ, ತೋಟದ ಬದಿಯಲ್ಲಿ ನೆಡಲು ಆಗುವುದು ಇದು. ನರ್ಸರಿಯವರು ಇದರ ಹೆಸರಿನಲ್ಲಿ ಜಾಯಿಕಾಯಿ ಸಸಿ ಕೊಟ್ಟಿದ್ದನ್ನು ಎಷ್ಟೋ ಸಲ ನೋಡಿದ್ದೇನೆ. ಜಾಯಿಕಾಯಿ ಇಂಡೋನೇಷ್ಯಾದ ದ್ವೀಪಗಳಿಂದ ಬಂದದ್ದು. ಅದರ ಎಲೆ ಕಿವುಚಿದರೆ ಘಮ್ಮೆನ್ನುತ್ತದೆ. ರಾಮಪತ್ರೆಗೆ ಆ ಘಮ ಇಲ್ಲ. ಸಸಿ ಕೊಳ್ಳುವಾಗ ಒಂದು ಎಲೆ ಕಿವುಚಿ ಮೂಸಿ ನೋಡಿ, ಮುಗಿಯಿತು.

ಎಲೆ ಕಿವುಚುವ ಮೊದಲು ಒಂದು ಎಚ್ಚರಿಕೆ. ಇದೇ ಕಾಡಿನಲ್ಲಿ ಹೊಳೆಗೇರು ಇದೆ. ಅದರ ರಸ ಗಾಳಿಗೆ ಕಪ್ಪಾಗುತ್ತದೆ, ಚರ್ಮಕ್ಕೆ ತಾಗಿದರೆ ಸುಟ್ಟ ಹಾಗೆ ಗುಳ್ಳೆ ಏಳುತ್ತದೆ. ಎಲೆಯ ತೊಟ್ಟಿನ ಮೇಲೆ ಎರಡು ಪುಟ್ಟ ಮುಳ್ಳಿನಂಥ ಕುಡಿ ಇದ್ದರೆ ಮುಟ್ಟಬೇಡಿ. ಮಕ್ಕಳನ್ನು ಕಾಡಿಗೆ ಕರೆದುಕೊಂಡು ಹೋದಾಗ ನಾನು ಮೊದಲು ತೋರಿಸುವ ಮರ ಇದೇ.

ಈ ಗೇರಿನ ಬಳಗದಲ್ಲೇ ನಮ್ಮ ಕಾಡಿನ ಅಪರೂಪದ ಮರ ಒಂದಿದೆ. ಸಿದ್ದಾಪುರ ತಾಲೂಕಿನ ಕತ್ತಲೆಕಾನಿನ ಜಡ್ಡಿಯಲ್ಲಿ ನಿಂತಿದ್ದ ಆ ಮರಕ್ಕೆ 2000ನೇ ಇಸವಿಯವರೆಗೆ ವಿಜ್ಞಾನದಲ್ಲಿ ಹೆಸರೇ ಇರಲಿಲ್ಲ. ಆ ವರ್ಷ ದಾಸಪ್ಪ ಮತ್ತು ಸ್ವಾಮಿನಾಥ್ ಅದನ್ನು ಹೊಸ ಜಾತಿ ಎಂದು ವಿವರಿಸಿ, ಸೆಮೆಕಾರ್ಪಸ್ ಕತ್ತಲೆಕಾನೆನ್ಸಿಸ್ ಎಂದು ಕಾನಿನ ಹೆಸರನ್ನೇ ಇಟ್ಟರು. ಹೊನ್ನಾವರ, ಜೋಗದ ನಡುವಿನ ರಸ್ತೆ ಬದಿಯ ಕಾಡು ಅದು. ಎಷ್ಟು ಬಸ್ಸು, ಎಷ್ಟು ಲಾರಿ, ಎಷ್ಟು ಜನ ಪಕ್ಕದಲ್ಲೇ ಹಾದುಹೋಗಿದ್ದೇವೆ! ಅದೇ ಕಾಡಿನಲ್ಲಿ, ದಕ್ಷಿಣ ಕೇರಳದ್ದು ಎಂದುಕೊಂಡಿದ್ದ ನೇರಳೆ ಜಾತಿಯ ಮರವೊಂದು, ಸೈಜೀಜಿಯಂ ಟ್ರಾವಂಕೋರಿಕಂ, ಕೂಡ ಸಿಕ್ಕಿತು. ಅದೂ ಕೆಸರಿನ ಮರವೇ. ಇವು ಉಳಿದದ್ದು ಹೇಗೆ? ಕಾನು ದೇವರದ್ದು, ಕೊಡಲಿ ಹಾಕಬಾರದು ಎಂದು ಹಿಂದಿನವರು ಬಿಟ್ಟಿದ್ದರು. 1801ರಲ್ಲಿ ಕೆನರಾ ಸುತ್ತಿದ, ಈಸ್ಟ್ ಇಂಡಿಯಾ ಕಂಪನಿಯ ಫ್ರಾನ್ಸಿಸ್ ಬುಕಾನನ್ ಕೂಡ ಇಲ್ಲಿನ ಜನ ಕಾಡನ್ನು ಊರ ದೇವರ ಆಸ್ತಿ ಅನ್ನುತ್ತಾರೆ ಎಂದು ಬರೆದಿಟ್ಟಿದ್ದಾನೆ.

ಉಳಿಸುವ ಕೆಲಸದಲ್ಲಿ ನಾನು ಮಾಡಿದ ಒಂದು ತಪ್ಪು ಇಲ್ಲಿ ಹೇಳಲೇಬೇಕು. ಶುರುವಿನ ವರ್ಷಗಳಲ್ಲಿ ಮ್ಯಾಗ್ನಿಫಿಕಾ ಬೀಜ ಆರಿಸಿ ಸಸಿ ಮಾಡಿ, ಒಂದು ಊರಿನ ಸೊಪ್ಪಿನ ಬೆಟ್ಟದಲ್ಲಿ (ತೋಟಕ್ಕೆ ಸೊಪ್ಪು ತರುವ ಬೆಟ್ಟ) ನೆಟ್ಟಿದ್ದೆವು. ಜಾಗ ಚೆನ್ನಾಗಿತ್ತು, ಬೇಲಿ ಇತ್ತು, ಊರವರ ಉತ್ಸಾಹ ಇತ್ತು. ಮಳೆಗಾಲ ಮುಗಿಯುವವರೆಗೆ ಹೊಳೆಯುವ ಎಲೆ. ಶಿವರಾತ್ರಿ ಹೊತ್ತಿಗೆ ಹೋಗಿ ನೋಡಿದರೆ ಒಂದೂ ಇರಲಿಲ್ಲ, ಒಣಕಡ್ಡಿಗಳ ಸಾಲು. ಜೊತೆಗಿದ್ದ ಹಿರಿಯ ಗೌಡರು ಒಂದು ಕಡ್ಡಿ ಕಿತ್ತು ಬೇರು ತೋರಿಸಿ, "ಇದು ನೀರೊಳಗಿನ ಕೂಸು ಸರ್, ಬ್ಯಾಣಕ್ಕೆ ತಂದು ಹಾಕಿದ್ರೆ ಹ್ಯಾಂಗೆ ಬದುಕ್ತದೆ?" ಅಂದರು. ಬ್ಯಾಣ ಅಂದರೆ ಹುಲ್ಲು ಬೆಳೆಯುವ ಬಿಸಿಲ ನೆಲ. ಅಷ್ಟು ಬೀಜ ಮಂಗಟ್ಟೆ ಹಕ್ಕಿಗೆ ಸಿಕ್ಕಿದ್ದರೆ ಪತ್ರೆ ತಿಂದು ಬೀಜವನ್ನು ಕಾಡಿನೊಳಗೇ ಎಲ್ಲೋ ಉಗುಳುತ್ತಿತ್ತು. ಅವತ್ತಿನಿಂದ ಬೀಜ ಆರಿಸುವಾಗ ಮರದ ಬುಡದ ಎಲ್ಲವನ್ನೂ ತರುವುದಿಲ್ಲ. ಅರಣ್ಯ ಇಲಾಖೆ ಅನುಮತಿ ಪಡೆದು, ಬೇಕಾದಷ್ಟೇ.

ಬೀಜದ ಗುಣವೂ ಗೊತ್ತಿರಬೇಕು. ಈ ಬೀಜಗಳನ್ನು ಭತ್ತ, ಹೆಸರಿನ ಹಾಗೆ ಒಣಗಿಸಿ ಡಬ್ಬಿಯಲ್ಲಿ ಇಡಲು ಬರುವುದಿಲ್ಲ. ಒಣಗಿದರೆ ಸತ್ತ ಹಾಗೆ. ಬಿದ್ದ ಕೆಲವೇ ದಿನಗಳಲ್ಲಿ ಒದ್ದೆ ಮರಳಿಗೆ, ನೆರಳಿಗೆ ಹೋಗಬೇಕು. ಬೀಜ ಬ್ಯಾಂಕಿನಲ್ಲಿಟ್ಟು ಐವತ್ತು ವರ್ಷ ಬಿಟ್ಟು ನೆಡೋಣ ಅನ್ನುವ ದಾರಿಯೇ ಇವಕ್ಕಿಲ್ಲ.

ಇನ್ನೊಂದು ವಿಷಯ, ಗಂಡು ಮರ. ರಾಮಪತ್ರೆಯಲ್ಲಿ ಗಂಡು ಮರ ಬೇರೆ, ಹೆಣ್ಣು ಮರ ಬೇರೆ. ಕಾಯಿ ಬಿಡುವುದಿಲ್ಲ, ಸುಮ್ನೆ ಜಾಗ ತಿನ್ನುತ್ತದೆ ಎಂದು ತೋಟದ ಬದಿಯ ಗಂಡು ಮರ ಕಡಿದವರನ್ನು ನಾನು ಬಲ್ಲೆ. ಸುತ್ತಲಿನ ಗಂಡು ಮರಗಳೆಲ್ಲ ಹೋದರೆ ಹೆಣ್ಣು ಮರಕ್ಕೆ ಪರಾಗ ಎಲ್ಲಿಂದ ಬರಬೇಕು? ಮರಗಳ ಲೆಕ್ಕ ಬರೆಯುವಾಗ 'ರಾಮಪತ್ರೆ ಹತ್ತು' ಎಂದು ಬರೆದರೆ ಸಾಲದು. ಹೂವಿನ ಕಾಲದಲ್ಲಿ ಹೋಗಿ ಗಂಡೆಷ್ಟು, ಹೆಣ್ಣೆಷ್ಟು ಎಂದೂ ಬರೆಯಿರಿ. ಪತ್ರೆಗೆ ಒಳ್ಳೆ ಬೆಲೆ ಇದೆ. ಬೇರೆಯವರು ಕೊಯ್ದುಬಿಡುತ್ತಾರೆ ಎಂಬ ಅವಸರದಲ್ಲಿ ಎಳೆ ಕಾಯಿ ಕೊಯ್ಯುವುದು, ಕೊಂಬೆಯನ್ನೇ ಕಡಿದು ಕೆಡಹುವುದು ನಡೆಯುತ್ತದೆ. ಎಳೆ ಕಾಯಿಯ ಬೀಜ ಮೊಳೆಯುವುದಿಲ್ಲ, ಪತ್ರೆಯೂ ತೂಗುವುದಿಲ್ಲ. ಕಾಯಿ ಬಾಯಿ ಬಿಡುವವರೆಗೆ ಕಾಯೋಣ ಎಂದು ಊರವರೇ ಕೂತು ಮಾತಾಡಿಕೊಂಡರೆ ಎಲ್ಲರಿಗೂ ಲಾಭ.

ಕಾನೂನಿನ ಆಸರೆ ಇದೆ. 2002ರ ಜೀವವೈವಿಧ್ಯ ಕಾಯ್ದೆಯ ಪ್ರಕಾರ ಪ್ರತಿ ಪಂಚಾಯಿತಿಯಲ್ಲೂ ಜೀವವೈವಿಧ್ಯ ನಿರ್ವಹಣಾ ಸಮಿತಿ ಇರಬೇಕು, ಊರಿನ ಗಿಡಮರಗಳ ದಾಖಲಾತಿ ಪುಸ್ತಕ ಇರಬೇಕು. 2019ರಲ್ಲಿ ಶರಾವತಿ ಕಣಿವೆಯ ಸಿಂಗಳೀಕ ಅಭಯಾರಣ್ಯವೂ ಆಯಿತು, 930 ಚದರ ಕಿಲೋಮೀಟರ್. ಆದರೆ ಚಿಕ್ಕ ಜಡ್ಡಿಗಳು ಎಷ್ಟೋ ಊರ ಬೆಟ್ಟದೊಳಗೆ, ತೋಟದ ತಲೆಯ ಮೇಲೆ ಇರುತ್ತವೆ. ದಾಖಲಾತಿಯಲ್ಲಿ 'ಹಳ್ಳ' ಎಂದಷ್ಟೇ ಬರೆದಿರುತ್ತದೆ. ನಿಮ್ಮ ಪಂಚಾಯಿತಿಯ ಪುಸ್ತಕ ತೆಗೆಸಿ ನೋಡಿ. ಅಲ್ಲಿ ಜಡ್ಡಿಯ ಜಾಗ, ಮೊಣಕಾಲು ಬೇರು ಎಲ್ಲಿಂದ ಎಲ್ಲಿವರೆಗೆ, ಹಳ್ಳ ಯಾವ ತಿಂಗಳವರೆಗೆ ಹರಿಯುತ್ತದೆ ಎಂದು ಬರೆಸಿದರೆ ಅದು ಸಾವಿರ ಸಸಿ ನೆಟ್ಟದ್ದಕ್ಕಿಂತ ದೊಡ್ಡ ಕೆಲಸ.

ನೀರೇ ಈ ಮರಗಳ ಜೀವ. ಕಡಿಯದೆಯೂ ಒಂದು ಜಡ್ಡಿ ಸಾಯಬಹುದು. ನಾನು ಕೆಲವು ವರ್ಷಗಳಿಂದ ನೋಡುತ್ತಿರುವ ಒಂದು ಜಡ್ಡಿಯಲ್ಲಿ ದೊಡ್ಡ ಮರಗಳು ಗಟ್ಟಿಯಾಗಿಯೇ ಇದ್ದವು. ಸಸಿ ಮಾತ್ರ ಒಂದೂ ಇರಲಿಲ್ಲ. ಕಾರಣ ಹುಡುಕಿ ಹಳ್ಳದ ಗುಂಟ ಮೇಲೆ ಹತ್ತಿದರೆ, ಒರತೆಯ ಬಾಯಲ್ಲೇ ಒಂದು ಕಪ್ಪು ಪೈಪು. ಫೆಬ್ರವರಿ ಆದ ಮೇಲೆ ನೀರೆಲ್ಲ ಅದರಲ್ಲೇ ಕೆಳಗಿನ ತೋಟಕ್ಕೆ ಹೋಗುತ್ತಿತ್ತು. ದೊಡ್ಡ ಮರದ ಆಳದ ಬೇರಿಗೆ ಹೇಗೋ ತಡೆಯುತ್ತಿತ್ತು, ವರ್ಷದ ಸಸಿಗೆ ತಡೆಯುತ್ತಿರಲಿಲ್ಲ.

ತೋಟದ ಯಜಮಾನರ ಮನೆ ಜಗುಲಿಯಲ್ಲಿ ಕೂತು ಮಾತಾಡಿದೆವು. ಅವರನ್ನು ತಪ್ಪಿತಸ್ಥರ ಹಾಗೆ ನೋಡುವುದು ಸರಿಯಲ್ಲ. ಅಡಿಕೆ ಒಣಗಿದರೆ ಮನೆ ನಡೆಯಬೇಕಲ್ಲ. ಪೈಪು ತೆಗೆಯಿರಿ ಎಂದು ಕೇಳಲಿಲ್ಲ, ಜಡ್ಡಿ ದಾಟಿದ ಮೇಲೆ ಹಾಕಬಹುದಾ ಎಂದು ಕೇಳಿದೆವು. ಒಂದು ದಿನ ಅವರೇ ಬಂದು ನೆಲದ ಇಳಿಜಾರು ನೋಡಿದರು, ನೀರಿನ ಒತ್ತಡ ಸ್ವಲ್ಪ ಕಡಿಮೆಯಾದರೂ ತೋಟಕ್ಕೆ ಸಾಕು ಎಂದು ಲೆಕ್ಕ ಹಾಕಿದರು. "ತೋಟಕ್ಕೆ ನೀರು ಬಂದ್ರೆ ಆಯ್ತು. ಜಡ್ಡಿ ಕುಡಿದು ಮಿಕ್ಕಿದ್ದೇ ಬರ್ಲಿ" ಅಂದರು. ಮುಂದಿನ ಬೇಸಿಗೆಗೆ ಮುಂಚೆ ಪೈಪಿನ ಬಾಯಿ ಜಡ್ಡಿಯ ಕೆಳಗೆ ಬಂತು.

ಕಳೆದ ಏಪ್ರಿಲ್‌ನಲ್ಲಿ ಅಲ್ಲಿಗೆ ಹೋಗಿದ್ದೆ. ಮೊಣಕಾಲು ಬೇರುಗಳ ನಡುವೆ ಕೆಸರು ಒದ್ದೆಯಾಗಿಯೇ ಇತ್ತು. ಏಡಿಗಳ ಬಿಲದ ಪಕ್ಕ, ಏಡಿ ತಿನ್ನದೆ ಬಿಟ್ಟ ಬೀಜಗಳು ಒಡೆದು ಎದ್ದಿದ್ದವು. ಗೇಣುದ್ದದ ಸಸಿ, ತಾಮ್ರದ ಬಣ್ಣದ ನಾಲ್ಕೈದು ಎಲೆ. ಯಜಮಾನರು ಜೊತೆಗೇ ಬಂದಿದ್ದರು. ಒಂದೊಂದರ ಪಕ್ಕದಲ್ಲೂ ಬಗ್ಗಿ, ಬೆರಳು ಮಡಚಿ ಎಣಿಸುತ್ತಾ ಹೋದರು. ಎರಡೂ ಕೈ ಬೆರಳು ಮುಗಿದ ಮೇಲೆ ಮತ್ತೆ ಮೊದಲಿನಿಂದ ಶುರು ಮಾಡಿದರು.