‘ಕಥೆ ರೆಡಿ ಇದೆ ಅಣ್ಣ, ಗೇಮ್ ಮಾಡೋದಷ್ಟೇ ಬಾಕಿ’

ಈ ಮಾತನ್ನು ತಿಂಗಳಿಗೆ ಎರಡು ಸಲವಾದರೂ ಕೇಳುತ್ತೇನೆ. ವಿಡಿಯೋ ಗೇಮ್‌ಗಳಿಗೆ ಕಥೆ, ಸಂಭಾಷಣೆ ಬರೆಯುತ್ತಿದ್ದವನು ನಾನು, ಈಗ ಸಣ್ಣ ತಂಡವೊಂದರಲ್ಲಿ ನಿರ್ದೇಶನವನ್ನೂ ಮಾಡುತ್ತೇನೆ. ಮನೆ ಕಾಸರಗೋಡಿನ ನೀರ್ಚಾಲಿನ ಹತ್ತಿರ. ರಜೆಯಲ್ಲಿ ಊರಿಗೆ ಬಂದರೆ ಯಾರಾದರೊಬ್ಬರು ದಪ್ಪ ನೋಟ್‌ಬುಕ್ ಹಿಡಿದು ಜಗಲಿಯಲ್ಲಿ ಕೂತಿರುತ್ತಾರೆ.

ಕಳೆದ ಸಲ ಬದಿಯಡ್ಕ ಕಡೆಯ ಹುಡುಗನೊಬ್ಬ ಬಂದಿದ್ದ. 80 ಪುಟ. ಭಾಷೆ ಚೆನ್ನಾಗಿತ್ತು, ಸುಳ್ಳು ಹೇಳಲಾರೆ. ಮೊದಲ ದೃಶ್ಯದಲ್ಲಿ ಬಾವಿಯ ಹತ್ತಿರ ನಿಂತ ಅಜ್ಜಿ ‘ಬೇಗ ಒಳಗೆ ಹೋಗು ಮಗಾ’ ಅನ್ನುತ್ತಾಳೆ. ನಾಯಕ ಓಡುತ್ತಾನೆ.

‘ಓಡದಿದ್ದರೆ?’ ಅಂತ ಕೇಳಿದೆ.

‘ಓಡ್ತಾನೆ ಅಣ್ಣ, ಹಾಗೇ ಬರೆದಿದ್ದೇನಲ್ಲ.’

ಓಡಬೇಕಾದ್ದು ನಾಯಕ ಅಲ್ಲ ಮಾರಾಯ, ಆಡುವವನು. ಅವನು ನಿನ್ನ ನೋಟ್‌ಬುಕ್ ಓದಿಲ್ಲ. ಆ ದೃಶ್ಯವನ್ನೇ ಬರೀ ಚೌಕದ ಗೊಂಬೆಗಳಲ್ಲಿ ಮಾಡಿ ನನ್ನ ಅಕ್ಕನ ಮಗಳ ಕೈಗೆ ಕೊಟ್ಟೆ. 20 ನಿಮಿಷ ಅವಳು ಬಾವಿಕಟ್ಟೆ ಹತ್ತಲು ನೋಡಿದಳು. ಅಷ್ಟೂ ಹೊತ್ತು ಅಜ್ಜಿಯದು ಅದೇ ಒಂದು ಸಾಲು. ಹುಡುಗನ ಮುಖ ನೋಡಬೇಕಿತ್ತು.

ತಾಳಮದ್ದಳೆ, ಅಂದರೆ ವೇಷ ಕುಣಿತವಿಲ್ಲದೆ ಕೂತು ಮಾತಲ್ಲೇ ನಡೆಸುವ ಯಕ್ಷಗಾನ, ಕೇಳಿ ಬೆಳೆದ ನಮಗೆ ಇದು ಯಾಕೆ ಕಷ್ಟವಾಗಬೇಕು ಹೇಳಿ? ಭಾಗವತರು ಹಾಡುವ ಪದ ಯಾವುದೆಂದು ಗೊತ್ತಿರುತ್ತದೆ. ಎದುರಿನ ಪಾತ್ರವಾಗಿ ಮಾತಾಡುವ ಅರ್ಥಧಾರಿ ಏನು ಕೇಳುತ್ತಾನೋ ಗೊತ್ತಿರುವುದಿಲ್ಲ. ಅಡ್ಡ ಪ್ರಶ್ನೆ ಬಂದರೆ ಉತ್ತರ ಕೊಟ್ಟು, ಮಾತನ್ನು ಮುಂದಿನ ಪದಕ್ಕೆ ತಂದು ನಿಲ್ಲಿಸಬೇಕು. ನಮ್ಮ ಕೆಲಸವೂ ಬಹುಮಟ್ಟಿಗೆ ಅದೇ. ಆದರೆ ಅಡ್ಡ ಪ್ರಶ್ನೆ ಬರುವಾಗ ನಾವು ಅಲ್ಲಿರುವುದಿಲ್ಲ. ಉತ್ತರವನ್ನು ಮೊದಲೇ ಬರೆದಿಟ್ಟಿರಬೇಕು.

ಹಾಗಂತ ಎಲ್ಲ ಕಡೆ ಕಥೆಯನ್ನು ಕವಲೊಡೆಸಬೇಡಿ. ಎರಡೆರಡು ಆಯ್ಕೆಯ ಹತ್ತು ಜಾಗ ಇಟ್ಟು, ದಾರಿಗಳನ್ನು ಎಲ್ಲೂ ಕೂಡಿಸದಿದ್ದರೆ 1024 ಮುಕ್ತಾಯ ಬರೆಯಬೇಕು. ಯಾರಿಗೆ ಸಾಧ್ಯ?

ಇನ್ನು ನಿರ್ದೇಶನ. ಅಲ್ಲಿ ಉತ್ತರವನ್ನು ಮಾತಿಲ್ಲದೆಯೂ ಕೊಡಬಹುದು. ಜೋರ್ಡನ್ ಮೆಕ್ನರ್ 1989ರ ‘ಪ್ರಿನ್ಸ್ ಆಫ್ ಪರ್ಷಿಯಾ’ವನ್ನು ಆಪಲ್ 2 ಕಂಪ್ಯೂಟರಿಗೆ ಮಾಡುವಾಗ ಹೊಸ ವೈರಿಯ ಚಿತ್ರಗಳಿಗೆ ಮೆಮೊರಿ ಸಾಲಲಿಲ್ಲ. ರಾಜಕುಮಾರನ ಚಿತ್ರವನ್ನೇ ಒಂಚೂರು ಸರಿಸಿ ಅದರ ಮೇಲೇ ಕೂರಿಸಿದರು. ಮಿನುಗುವ ನೆರಳು ಸಿಕ್ಕಿತು. ಅದೇ ವೈರಿ. ಕನ್ನಡಿಯಿಂದ ಹಾರಿ ಬರುತ್ತದೆ. ಅದಕ್ಕೆ ಹೊಡೆದರೆ ಪೆಟ್ಟು ನಮಗೇ. ಕತ್ತಿ ಒಳಗೆ ಹಾಕಿದರೆ ಬಂದು ನಮ್ಮಲ್ಲೇ ಸೇರಿಕೊಳ್ಳುತ್ತದೆ. ಹೊಡೆಯುವವನಿಗೂ ಸುಮ್ಮನಿರುವವನಿಗೂ ಉತ್ತರ ಇದೆ, ಅಲ್ವಾ? ಒಂದು ಮಾತೂ ಇಲ್ಲದೆ!

ಇರುವ ಕೆಲಸ ಬಿಟ್ಟು ಬರಲಾ ಅಂತ ಕೇಳುವವರೂ ಜಾಸ್ತಿ. ಬನ್ನಿ ಅಂತ ಹೇಳುವ ಧೈರ್ಯ ನನಗಿಲ್ಲ. ನಾನು ಶುರು ಮಾಡಿದ್ದು ಟೆಸ್ಟಿಂಗ್‌ನಲ್ಲಿ, ತಪ್ಪು ಹುಡುಕಲು ಬೇರೆಯವರ ಗೇಮಿನ ಗೋಡೆಗಳಿಗೆ ಡಿಕ್ಕಿ ಹೊಡೆಯುತ್ತಾ. ಬರೆಯಲು ಸಿಕ್ಕಿದ್ದು ಆಮೇಲೆ. ಕವಲೊಡೆಯುವ ಕಥೆ ಕಟ್ಟುವ ಟ್ವೈನ್ ಅನ್ನುವ ಸಾಫ್ಟ್‌ವೇರ್ ಉಚಿತವಾಗಿ ಸಿಗುತ್ತದೆ, ಸಂಜೆ ಹೊತ್ತು ಅದರಲ್ಲಿ ಒಂದು ಕೋಣೆಯಷ್ಟು ಕಥೆ ಮಾಡಿ ನೋಡಿ.

ಬದಿಯಡ್ಕದ ಹುಡುಗ ಮೊನ್ನೆ ಮತ್ತೆ ಬಂದಿದ್ದ. ನೋಟ್‌ಬುಕ್ ಇರಲಿಲ್ಲ, ಒಂದೇ ಹಾಳೆ. ಬಾವಿಕಟ್ಟೆ ಹತ್ತುವವರಿಗೆಂದೇ ಹನ್ನೊಂದು ಸಾಲು. ಏಳನೆಯದರಲ್ಲಿ ಅಜ್ಜಿ ಅನ್ನುತ್ತಾಳೆ: ‘ಬಿದ್ದರೆ ಎತ್ತಲಿಕ್ಕೆ ನನ್ನಿಂದಾಗದು. ಹಗ್ಗವೂ ಹಳತು.’